ಕೊಪ್ಪರಿಗೆಯ ಮೂರನೆಯ ಮಾತು

ಕಾಕಾ,

ಹೆತ್ತ ತಂದೆಗೆ ಕಾಕಾ ಅನ್ನುತ್ತೀಯಲ್ಲ, ಇದೇನು ಪದ್ಧತಿ ಎಂದು ಮೊನ್ನೆ ಯಾರೋ ಕೇಳಿದರು. ತುಂಬಿದ ಮನೆ, ದೊಡ್ಡಪ್ಪನ ಮಕ್ಕಳು ನಿಮಗೆ ಕಾಕಾ ಅನ್ನುತ್ತಿದ್ದರು, ಅವರ ಬಾಯಿ ಹಿಡಿದು ನಾನೂ ಅಂದೆ, ನೀವು ಹೂಂ ಅಂದಿರಿ. ಅಲ್ಲಿಗೆ ಮುಗಿಯಿತು. ನಮ್ಮ ಬೇಡಕಿಹಾಳದಲ್ಲಿ ಇದನ್ನು ಯಾರೂ ಕೇಳುವುದಿಲ್ಲ. ನಿಮಗೆ ಓದು ಬರುತ್ತಿರಲಿಲ್ಲ; ಸಹಿ ಮಾಡುವ ಜಾಗದಲ್ಲಿ ಹೆಬ್ಬೆಟ್ಟು ಒತ್ತಿ ಧೋತರಕ್ಕೆ ಒರೆಸಿಕೊಳ್ಳುತ್ತಿದ್ದಿರಿ. ಅಂಥವರಿಗೆ ಪತ್ರ ಬರೆಯುತ್ತ ಕೂತಿದ್ದೇನೆ, ಅದೂ ನೀವು ಹೋಗಿ ಐದು ವರ್ಷ ಕಳೆದ ಮೇಲೆ. ಅವ್ವ ಬಾಗಿಲಲ್ಲಿ ನಿಂತು ನೋಡಿ, "ಯಾರಿಗೆ ಬರ್ಯಾಕತ್ತಿ?" ಅಂದಳು. ನಿಮಗೆ ಅಂದೆ. ಅವಳು ನಗಲಿಲ್ಲ. "ಬರದ ಮ್ಯಾಲ ಒಮ್ಮೆ ಜೋರಾಗಿ ಓದು. ಅವರಿಗೆ ಕಿವಿ ಚುರುಕ," ಎಂದು ಒಳಗೆ ಹೋದಳು.

ಆ ಕಿವಿಯ ವಿಷಯಕ್ಕೇ ಬರೆಯುತ್ತಿದ್ದೇನೆ. ನಿಮ್ಮ ಮುಂದೆ ಒಪ್ಪಿಕೊಳ್ಳಬೇಕಾದ ತಪ್ಪೊಂದಿದೆ, ಹೇಳಬೇಕಾದ ಸುದ್ದಿಯೊಂದಿದೆ. ತಪ್ಪು ಮೊದಲು ಹೇಳುತ್ತೇನೆ. ಸುದ್ದಿ ಮೊದಲು ಹೇಳಿದರೆ ನೀವು ತಪ್ಪನ್ನು ಕೇಳಿಸಿಕೊಳ್ಳದೆ ಎದ್ದು ಹೋಗುತ್ತೀರಿ, ನಿಮ್ಮ ಸ್ವಭಾವ ನನಗೆ ಗೊತ್ತಿಲ್ಲವೇ?

ಸಣ್ಣವನಿದ್ದಾಗ ಗಾಣದಲ್ಲಿ ನಾನು ಸೀನಿದ್ದು ನಿಮಗೆ ನೆನಪಿರಬೇಕು. ಸುತ್ತಲಿನ ಹತ್ತು ಊರಿಗೆ ನೀವೇ ಗುಳವ್ಯಾ. ಕಬ್ಬಿನ ಹಾಲು ಕುದಿಯುವಾಗ ಕೊಪ್ಪರಿಗೆಯ ಪಕ್ಕ ನಿಂತು, ಬೆಲ್ಲಕ್ಕೆ ಹದ ಬಂದ ಗಳಿಗೆಗೆ ಸರಿಯಾಗಿ ಅದನ್ನು ಒಲೆಯಿಂದ ಇಳಿಸುವವರು. ಸ್ವಲ್ಪ ಮುಂಚೆ ಇಳಿದರೆ ಬೆಲ್ಲ ಗಟ್ಟಿಯಾಗದೆ ಪಾಕವಾಗಿಯೇ ಉಳಿಯುತ್ತದೆ, ಸ್ವಲ್ಪ ತಡವಾದರೆ ಸೀದು ಕಹಿಯಾಗುತ್ತದೆ. ಬೇರೆ ಗುಳವ್ಯಾಗಳು ಒಂದು ತೊಟ್ಟು ಪಾಕವನ್ನು ತಣ್ಣೀರಿಗೆ ಹಾಕಿ ಬೆರಳಲ್ಲಿ ಉಂಡೆ ಮಾಡಿ ನೋಡುತ್ತಿದ್ದರು. ನೀವೂ ನೋಡುತ್ತಿದ್ದಿರಿ. ಆದರೆ ನಿಮ್ಮ ಎಡಗೈ ಅದಕ್ಕೂ ಮುಂಚೆಯೇ ಎದ್ದಿರುತ್ತಿತ್ತು. ಹದ ಹತ್ತಿರ ಬಂತೆಂದರೆ ನಮ್ಮ ಗಾಣದಲ್ಲಿ ಇಂಜಿನ್ ಬಂದ್ ಆಗಬೇಕು, ಎತ್ತಿನ ಕೊರಳಿನ ಗಂಟೆ ಬಿಚ್ಚಬೇಕು, ಯಾರೂ ಯಾರ ಹೆಸರನ್ನೂ ಕರೆಯಬಾರದು. ದೇವರ ಭಯ ಎಂದೇ ನಾವೆಲ್ಲ ತಿಳಿದಿದ್ದೆವು. ಅಂಥ ಹೊತ್ತಿನಲ್ಲಿ ನಾನು ಸೀನಿದೆ. ನೀವು ಬೈಯಲಿಲ್ಲ. ಆ ಕೊಪ್ಪರಿಗೆ ತಡವಾಗಿ ಇಳಿಯಿತು, ಬೆಲ್ಲ ಕಪ್ಪಗಾಯಿತು. ಅದನ್ನು ಪೇಟೆಗೆ ಕಳಿಸದೆ ಮನೆಗೆ ತಂದು, ವರ್ಷವಿಡೀ ಬಂದ ಬೀಗರಿಗೆಲ್ಲ, "ಕುಡೀರಿ, ನಮ್ಮ ಮಲ್ಲೂ ಸೀನಿದ ಬೆಲ್ಲದ ಚಾ," ಎಂದು ಕೊಡಿಸುತ್ತಿದ್ದಿರಿ.

ಅಂಥ ನಿಮ್ಮ ಮಗ ನಿಪ್ಪಾಣಿಯಲ್ಲಿ ಮದುವೆಯ ವಿಡಿಯೊ ಹಿಡಿಯುವವನಾದ. ಹೆಗಲ ಮೇಲೆ ಹೊರುವ ಆ ದೊಡ್ಡ ಕ್ಯಾಮೆರಾ ತಂದ ದಿನ ನೀವು ಅದರ ಸುತ್ತ ಒಂದು ಸುತ್ತು ಬಂದು, ಎತ್ತಿನ ಹಲ್ಲು ನೋಡುವಂತೆ ಬಗ್ಗಿ ಅದರ ಕಣ್ಣು ನೋಡಿದಿರಿ. "ಮಂದಿ ಮದವಿ ಹಿಡದು ಹಿಡದು ನಿನ್ನ ಮದವಿ ಮರತೀಯಲೇ," ಅಂದಿರಿ. ಸಿಟ್ಟಿರಲಿಲ್ಲ ನಿಮಗೆ. ಆದರೂ ಗಾಣಕ್ಕೆ ಬಾ ಎಂದು ಆಮೇಲೆ ಒಮ್ಮೆಯೂ ಕರೆಯಲಿಲ್ಲ. ಕರೆದಿದ್ದರೆ ಬರುತ್ತಿದ್ದೆನೇ? ಸುಳ್ಳು ಹೇಳುವುದಿಲ್ಲ, ಬರುತ್ತಿರಲಿಲ್ಲ.

ನಮ್ಮ ಕೆಲಸದ ಒಂದು ಪದ್ಧತಿಯನ್ನು ನಿಮಗೆ ಹೇಳಲೇಬೇಕು, ಏಕೆಂದರೆ ಎಲ್ಲ ಹಾಳಾದದ್ದು ಅದರಿಂದಲೇ. ಮದುವೆಯಲ್ಲಿ ಜನ ಎಷ್ಟೇ ಮಾತಾಡಲಿ, ಅಳಲಿ, ಜಗಳವಾಡಲಿ, ಆ ದನಿ ಯಾವುದೂ ಕಡೆಯ ಕ್ಯಾಸೆಟ್ಟಿನಲ್ಲಿ ಇರುವುದಿಲ್ಲ. ಕೊಲ್ಹಾಪುರದಲ್ಲಿ ಮಿಕ್ಸಿಂಗ್ ಅಂಗಡಿ ಇರುತ್ತದೆ. ಅಲ್ಲಿ ದನಿಯನ್ನೆಲ್ಲ ತೆಗೆದು ಮೇಲೆ ಶಹನಾಯಿ, ಸಿನೆಮಾ ಹಾಡು ಹಾಕಿ ಹೊಸ ಕ್ಯಾಸೆಟ್ ಮಾಡಿಕೊಡುತ್ತಾರೆ. ಇದ್ದ ದನಿಯನ್ನು ಹಾಗೇ ಬಿಟ್ಟರೆ ಗಿರಾಕಿಗಳು, "ಇದೇನ್ರಿ, ಬರೇ ಗದ್ಲ," ಎನ್ನುತ್ತಿದ್ದರು. ಮಿಕ್ಸಿಂಗ್ ಆದ ಮೇಲೆ ಮೂಲ ಕ್ಯಾಸೆಟ್ಟನ್ನು ಯಾರೂ ಇಟ್ಟುಕೊಳ್ಳುವುದಿಲ್ಲ. ಮುಂದಿನ ಮದುವೆಯನ್ನು ಅದರ ಮೇಲೆಯೇ ಹಿಡಿಯುತ್ತೇವೆ.

ನಮ್ಮ ಗಾಣದ ಕಡೆಯ ಸುಗ್ಗಿ ಅದು. ಊರ ಕಬ್ಬೆಲ್ಲ ಸಕ್ಕರೆ ಫ್ಯಾಕ್ಟರಿಯ ದಾರಿ ಹಿಡಿದಿತ್ತು. ದೊಡ್ಡಪ್ಪ ಮುಂದಿನ ವರ್ಷ ಕೊಪ್ಪರಿಗೆ ಏರಿಸುವುದಿಲ್ಲ ಎಂದು ಹೇಳಿಯಾಗಿತ್ತು. ನನಗೆ ಏನನ್ನಿಸಿತೋ, ಒಂದು ದಿನ ನಿಮ್ಮನ್ನು ಹಿಡಿಯುತ್ತೇನೆ ಅಂದೆ. "ನನ್ನ ಯಾಕ ಹಿಡೀತಿ? ನಾ ಏನ್ ಮದುಮಗ ಏನ್?" ಅಂದಿರಿ. ಆದರೆ ಮರುದಿನ ಬೆಳಿಗ್ಗೆ ನೋಡುತ್ತೇನೆ, ಗಡ್ಡ ಬೋಳಿಸಿಕೊಂಡು, ಪೆಟ್ಟಿಗೆಯಲ್ಲಿದ್ದ ಕೇಸರಿ ರುಮಾಲು ಸುತ್ತಿಕೊಂಡು ನಿಂತಿದ್ದೀರಿ. ಒಲೆಗೆ ಕಬ್ಬಿನ ಒಣಗಿದ ರವದಿ ಹಾಕುವ ಮೌಲಾಕಾಕಾ, "ಸತ್ತೆಪ್ಪಣ್ಣಾ, ಎರಡನೇ ಲಗ್ನ ಏನ್ರಿ?" ಎಂದು ಕೇಳಿದಾಗ ನೀವು ಅವರಿಗೆ ರವದಿಯ ಸಿಂಬಿ ಎಸೆದಿರಿ.

ಬೆಳಗಿನಿಂದ ಮಧ್ಯಾಹ್ನದವರೆಗೆ ಮೂರು ತಾಸಿನ ಕ್ಯಾಸೆಟ್ ಪೂರ್ತಿ ನಿಮ್ಮದೇ. ಹಾಲು ಸೋಸಿದಿರಿ, ಸುಣ್ಣ ಹಾಕಿದಿರಿ, ಬೆಂಡಿ ಗಿಡ ಜಜ್ಜಿ ಅದರ ಲೋಳೆ ಬಿಟ್ಟು, ಮೇಲೆ ಬಂದ ಕೊಳೆ ತೆಗೆದಿರಿ. ಎಲ್ಲವನ್ನೂ ಹೇಳುತ್ತ ಮಾಡಿದಿರಿ. ನಾನು ಕೇಳುತ್ತಿರಲಿಲ್ಲ. ಉಗಿ ಬಂದು ಕ್ಯಾಮೆರಾದ ಕಣ್ಣು ಮಬ್ಬಾಗುತ್ತಿತ್ತು, ಅದನ್ನು ಒರೆಸುವುದರಲ್ಲೇ ನನ್ನ ಗಮನ. ಕೊನೆಯಲ್ಲಿ ನೀವು ಕೊಪ್ಪರಿಗೆಯ ಪಕ್ಕದ ಕಟ್ಟೆಯ ಮೇಲೆ ಕೂತು, ಕ್ಯಾಮೆರಾವನ್ನಲ್ಲ, ನನ್ನನ್ನೇ ನೋಡುತ್ತ ಏನೋ ಹೇಳತೊಡಗಿದಿರಿ. ಏನು ಹೇಳಿದಿರಿ? ಅದನ್ನು ಮಾತ್ರ ಕೇಳಬೇಡಿ. ಆಗ ಕ್ಯಾಸೆಟ್ ಮುಗಿಯುತ್ತ ಬಂದು ಸಣ್ಣ ಕೆಂಪು ದೀಪ ಮಿಣುಕುತ್ತಿತ್ತು. ನಾನು ಆ ದೀಪ ನೋಡುತ್ತ ಹೂಂ, ಹೂಂ ಅನ್ನುತ್ತಿದ್ದೆ.

ಮಿಕ್ಸಿಂಗ್‌ಗೆ ನಾನೇ ಹೋದೆ. ಅಂಗಡಿಯವನು ಯಾವ ಹಾಡು ಎಂದು ಕೇಳಿದ. ನಮ್ಮ ತಂದೆಯವರದು, ಹಾಡು ಬೇಡ, ಇದ್ದುದರಲ್ಲೇ ಒಳ್ಳೆಯ ಶಹನಾಯಿ ಹಾಕು ಅಂದೆ. ನಾಲ್ಕು ಶಹನಾಯಿ ಕೇಳಿ ನಾನೇ ಆರಿಸಿದೆ. ಇಂಜಿನ್ನಿನ ಢಬಢಬ, ಒಲೆಯ ಚಟಪಟ, ನಿಮ್ಮ ಮಾತು, ಎಲ್ಲ ಗದ್ದಲ ಎಂದೇ ಲೆಕ್ಕ. ಅವನು ನಲವತ್ತು ನಿಮಿಷಕ್ಕೆ ಇಳಿಸಿ, ನೀವು ಕಟ್ಟೆಯ ಮೇಲೆ ಕೂತು ಮಾತಾಡುವಲ್ಲಿ ಮುಖದ ಸುತ್ತ ಗುಲಾಬಿ ಹೂ ಬಿಡಿಸಿ ಮುಗಿಸಿಬಿಟ್ಟ. ನನಗೆ ಬಹಳ ಚಂದ ಕಂಡಿತು, ಕಾಕಾ.

ಆ ಕ್ಯಾಸೆಟ್ ನಾನು ಮನೆಗೆ ತರುವ ಹೊತ್ತಿಗೆ ನಿಮಗೆ ಲಕ್ವಾ ಹೊಡೆದು ಎಂಟು ದಿನವಾಗಿತ್ತು. ಬಲಗೈ, ಬಲಗಾಲು, ಅದರ ಜೊತೆ ಮಾತೂ ಬಿದ್ದುಹೋಗಿತ್ತು. ನಿಮ್ಮ ಹಾಸಿಗೆಯ ಮುಂದೆಯೇ ಟಿವಿ ಇಟ್ಟು ಹಚ್ಚಿದೆ. ನಿಮ್ಮ ಕಣ್ಣು ಅರಳಿತು. ರುಮಾಲು ಸುತ್ತಿದ ನಿಮ್ಮನ್ನೇ ನೋಡಿದಿರಿ. ಸ್ವಲ್ಪ ಹೊತ್ತಿನ ಮೇಲೆ ಎಡಗೈ ಎತ್ತಿ ಕಿವಿ ತೋರಿಸಿದಿರಿ. ದನಿ ಸಾಲದಾಗಿದೆ ಎಂದುಕೊಂಡು ಎದ್ದು ಹೆಚ್ಚಿಸಿದೆ. ಮತ್ತೆ ಕಿವಿ ತೋರಿಸಿದಿರಿ. ಮತ್ತೆ ಹೆಚ್ಚಿಸಿದೆ. ಶಹನಾಯಿ ಓಣಿಗೆಲ್ಲ ಕೇಳುವಂತಾಯಿತು. ನಿಮ್ಮ ಕಣ್ಣಿಂದ ನೀರಿಳಿಯಿತು. ಅವ್ವ ಸೆರಗಿನಿಂದ ಒರೆಸಿ, "ನಮ್ಮ ಲಗ್ನಕ್ಕ ಶಹನಾಯಿ ಇರಲಿಲ್ಲ. ಮಗ ಈಗ ಹಚ್ಚಿಸ್ಯಾನ ನೋಡ್ರಿ," ಅಂದಳು. ನೀವು ಮುಖವನ್ನು ಗೋಡೆಯ ಕಡೆ ಹೊರಳಿಸಿದಿರಿ. ದಣಿದಿದ್ದಾರೆ ಎಂದುಕೊಂಡೆವು.

ಮೂರು ದಿನಕ್ಕೆ ನೀವು ಹೋದಿರಿ. ಹದಿಮೂರನೆಯ ದಿನ ಮುಗಿದ ಮೇಲೆ ನಾನು ಹಿಡಿದ ಮೊದಲ ಮದುವೆ ಕರೋಶಿಯದು. ಬೀರುವಿನಲ್ಲಿ ಖಾಲಿ ಕ್ಯಾಸೆಟ್ ಇರಲಿಲ್ಲ. ನಿಮ್ಮ ಮೂಲ ಕ್ಯಾಸೆಟ್ ಇತ್ತು. ಹಿಂದೆ ಮುಂದೆ ಯೋಚಿಸದೆ ಅದನ್ನೇ ಕ್ಯಾಮೆರಾಕ್ಕೆ ಹಾಕಿದೆ. ಬೇರೆ ಯಾರೂ ಮಾಡಲಿಲ್ಲ ಕಾಕಾ, ನಿಮ್ಮ ಮೇಲೆ ಮದುವೆ ಹಿಡಿದದ್ದು ಈ ಕೈಯೇ.

ನನಗೆ ಇದು ತಪ್ಪು ಎಂದು ಗೊತ್ತಾಗಲು ಸುಮನಬಾಯಿ ಬರಬೇಕಾಯಿತು. ಅವರ ತವರು ಅಥಣಿ, ಇರುವುದು ಪುಣೆ. ಕೈಕಸುಬುಗಳು ಮರೆಯಾಗುವ ಮುಂಚೆ ಅವುಗಳ ಸಾಕ್ಷ್ಯಚಿತ್ರ ಮಾಡಿ ಇಡುವುದು ಅವರ ಕೆಲಸ. ಸಾಕ್ಷ್ಯಚಿತ್ರ ಅಂದರೆ ಥೇಟರಿನಲ್ಲಿ ಸಿನೆಮಾ ಶುರುವಾಗುವ ಮುಂಚೆ ತೋರಿಸುವ ನೆರೆ, ಬರ, ಮಂತ್ರಿಗಳು ಎಂದೇ ನಾನು ತಿಳಿದಿದ್ದೆ. ಆ ಹೊತ್ತಿನಲ್ಲಿ ನಾವೆಲ್ಲ ಬೀಡಿ ಸೇದಲು ಹೊರಗೆ ಹೋಗುತ್ತಿದ್ದೆವು. ಬಾಯಿಯವರು ಅಥಣಿಯಲ್ಲಿ ಚಪ್ಪಲಿ ಹೊಲಿಯುವವರ ಮನೆಯಲ್ಲಿ ಒಂದು ತಿಂಗಳು ಕೂತು ಚಿತ್ರ ಮಾಡಿದ್ದರಂತೆ. ಈಗ ಗಾಣದ ಬೆಲ್ಲದ್ದು ಮಾಡಬೇಕಿತ್ತು. ನಿಮ್ಮ ಹೆಸರು ಕೇಳಿಕೊಂಡು ನಿಪ್ಪಾಣಿಯ ನನ್ನ ಅಂಗಡಿಗೆ ಬಂದರು. ನನಗೋ ಹೆಮ್ಮೆ. ನಮ್ಮ ಕಾಕಾರನ್ನು ನಾನು ಆಗಲೇ ಹಿಡಿದಿಟ್ಟಿದ್ದೇನೆ ಎಂದು ಕ್ಯಾಸೆಟ್ ಹಚ್ಚಿದೆ.

ಹತ್ತು ನಿಮಿಷ ನೋಡಿದರು. "ದನಿ ಸಣ್ಣ ಮಾಡ್ರಿ," ಅಂದರು. ಮಾಡಿದೆ. "ಪೂರಾ ತಗೀರಿ." ತೆಗೆದೆ. ಕೋಣೆಯಲ್ಲಿ ಫ್ಯಾನಿನ ಸಪ್ಪಳ ಬಿಟ್ಟರೆ ಏನೂ ಇಲ್ಲ. ತೆರೆಯ ತುಂಬ ಬಿಳಿ ಉಗಿ, ಅದರೊಳಗೆ ನಿಮ್ಮ ಬಾಯಿ ಒಂದೇ ಸಮ ಆಡುತ್ತಿದೆ.

"ಇವರು ಏನ್ ಹೇಳಾಕತ್ತಾರ?"

"ಗೊತ್ತಿಲ್ರಿ."

"ಮೂಲ ಕ್ಯಾಸೆಟ್ಟ್ ಎಲ್ಲೈತಿ?"

"ಅದರ ಮ್ಯಾಲ ಒಂದ್ ಮದವಿ ಹಿಡದೇನ್ರಿ ಬಾಯಿ."

ಅವರು ಕನ್ನಡಕ ತೆಗೆದು ಮಡಿಲಲ್ಲಿ ಇಟ್ಟುಕೊಂಡರು. ಬೈದಿದ್ದರೆ ಚೆನ್ನಾಗಿತ್ತು. "ಉಗಿಯೊಳಗ ಕಣ್ಣಿಗೆ ಏನೂ ಕಾಣೂದಿಲ್ಲ ನೋಡ್ರಿ. ಗುಳವ್ಯಾ ಆದಾಂವ ಕಿವೀಲೇ ನೋಡತಿರಬೇಕು," ಎಂದು ತಮ್ಮಷ್ಟಕ್ಕೆ ಹೇಳಿಕೊಂಡಂತೆ ಅಂದರು. ಆಗ ನನ್ನ ಕಣ್ಣಿಗೆ ಬಂದದ್ದು ನಿಮ್ಮ ಎಡಗೈ. ಹಾಸಿಗೆಯ ಮೇಲಿಂದ ಎದ್ದು ಕಿವಿ ತೋರಿಸಿದ ಎಡಗೈ. ನನ್ನ ದನಿ ಎಲ್ಲಿ ಎಂದು ಕೇಳುತ್ತಿದ್ದಿರಿ. ನಾನು ಶಹನಾಯಿ ಹೆಚ್ಚಿಸುತ್ತ ಹೋದೆ. ಬಾಯಿ ಇಲ್ಲದ ಮನುಷ್ಯ ಎರಡು ಸಲ ಕೇಳಿದರೂ ಮಗನಿಗೆ ತಿಳಿಯಲಿಲ್ಲ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು ಎಂದು ನೀವೇ ಅನ್ನುತ್ತಿದ್ದಿರಲ್ಲ. ಅಂಗಡಿಯಲ್ಲಿ, ಪರಊರಿನ ಹೆಣ್ಣುಮಗಳ ಮುಂದೆ, ನಾನು ಬಿಕ್ಕಿ ಬಿಕ್ಕಿ ಅತ್ತೆ.

ಅಳು ಮುಗಿಯುವವರೆಗೆ ಕಾದು ಬಾಯಿಯವರು ಕೇಳಿದರು: "ಆ ಮದವಿ ಪೂರಾ ಮೂರು ತಾಸು ತುಂಬಿತ್ತೇನು? ತುಂಬಿರಲಿಲ್ಲಂದ್ರ ಕಡೀಕ ನಿಮ್ಮ ತಂದೀದು ಒಂದೀಟ ಉಳಿದಿರತೈತಿ." ನನಗೆ ನೆನಪಾಯಿತು. ಕರೋಶಿಯ ಆ ಮದುಮಗ ಮಿಲಿಟ್ರಿಯವನು. ನಾಲ್ಕು ದಿನದಲ್ಲಿ ಕೆಲಸಕ್ಕೆ ಹಾಜರಾಗಬೇಕಿತ್ತು. ಮಿಕ್ಸಿಂಗ್‌ಗೆ ವೇಳೆ ಇಲ್ಲ, ಹೇಗಿದೆಯೋ ಹಾಗೇ ಕೊಡು ಎಂದು ಮೂಲ ಕ್ಯಾಸೆಟ್ಟನ್ನೇ ಒಯ್ದಿದ್ದ. ಮರುದಿನ ಮೊದಲ ಬಸ್ಸಿಗೆ ಕರೋಶಿಗೆ ಹೋದೆ.

ಆ ಮನೆಯಲ್ಲಿ ಮದುಮಗಳು ಶೋಭಾ ಇದ್ದಳು. ಗಂಡ ಎಲ್ಲೋ ದೂರದ ಗಡಿಯಲ್ಲಿ, ಅತ್ತೆ ಹೊಲಕ್ಕೆ ಹೋಗಿದ್ದರು. ನಾನು ಯಾರೆಂದು ಹೇಳಿ, ಕ್ಯಾಸೆಟ್ಟಿನ ಕೊನೆಯಲ್ಲಿ ಬೇರೆ ಏನಾದರೂ ಇದೆಯೇ ಎಂದು ಕೇಳಿದೆ. ಅವಳು ಕೈಯಲ್ಲಿದ್ದ ಮೊರ ಕೆಳಗಿಟ್ಟು ನನ್ನ ಮುಖವನ್ನೇ ನೋಡಿದಳು.

"ಬೆಲ್ಲದಜ್ಜಾರ ಮಗ ಏನ್ರಿ ನೀವು?"

ಹೌದೆಂದು ತಲೆಯಾಡಿಸಿದೆ.

"ಮದವಿ ಮುಗೀತಂದ್ರ ಬಂದ್ ಮಾಡಂತಾರ್ರಿ ನಮ್ಮ ಅತ್ತಿಯಾರು. ನಾ ಬಿಡೂದಿಲ್ಲ. ಅಜ್ಜಾರ ಮಾತು ಮುಗಿಯೂತನ ಕೂಡತೇನಿ. ಅವರ ಮಾತು ಮುಗಿಯೂದಿಲ್ಲ, ಕ್ಯಾಸೆಟ್ಟ್ ಮುಗೀತೈತಿ," ಎಂದು ಹೇಳುತ್ತಲೇ ಟಿವಿಯ ಮೇಲಿನ ಹೊದಿಕೆ ತೆಗೆದಳು. ಐದು ವರ್ಷ ಆ ಮನೆಯಲ್ಲಿ ನೀವು ಮಾತಾಡುತ್ತಲೇ ಇದ್ದಿರಿ ಕಾಕಾ, ಗುರುತಿಲ್ಲದ ಹುಡುಗಿಯೊಬ್ಬಳ ಮುಂದೆ. ನಾನು ಒಂಬತ್ತು ಮೈಲಿ ಆಚೆ ಶಹನಾಯಿ ಹಚ್ಚಿಕೊಂಡು ಕೂತಿದ್ದೆ.

ಅವಳು ಅತ್ತು ತವರಿನವರನ್ನು ತಬ್ಬಿಕೊಳ್ಳುವಲ್ಲಿ ಮದುವೆ ಮುಗಿಯಿತು. ಒಮ್ಮೆ ತೆರೆ ಕುಣಿಯಿತು. ನೀವು ಬಂದಿರಿ. ಕಟ್ಟೆಯ ಮೇಲೆ, ಕೇಸರಿ ರುಮಾಲಿನಲ್ಲಿ. ನಿಮ್ಮ ದನಿ ಬಂತು. ಆ ಗಂಟಲು, ನಡುನಡುವೆ ಆ ಕೆಮ್ಮು. ನಾನು ಟಿವಿಯ ಹತ್ತಿರಕ್ಕೆ ಸರಿದು ಕೂತೆ.

"ಕೇಳಲೇ ಮಲ್ಲೂ. ನೀರಾಗ ಹಾಕಿ ನೋಡೂದು ಮಂದಿಗೆ ತೋರಸಾಕ. ಅದು ಗಟ್ಟಿ ಆಗೂದ್ರಾಗ ಹದ ದಾಟಿ ಹೋಗಿರತೈತಿ. ಖರೇ ಅಂದ್ರ ಕೊಪ್ಪರಗಿ ಮೂರ ಮಾತ ಆಡತೈತಿ. ಮೊದಲನೇದು, ತವರಮನಿಗೆ ಬಂದ ಹುಡುಗೀ ಹಂಗ. ಬಾಯಿಗೆ ಬಿಡುವ ಇಲ್ಲ. ಎರಡನೇದು, ನಿಮ್ಮವ್ವನ ಹಂಗ. ಗೊಣಗತೈತಿ, ತಡೀತೈತಿ, ಮತ್ತ ಗೊಣಗತೈತಿ. ಕಡೀಕ…"

ತವರಮನೆಗೆ ಬಂದ ಹುಡುಗಿ ಎನ್ನುವಲ್ಲಿ ಶೋಭಾಳ ತುಟಿಯೂ ನಿಮ್ಮ ಜೊತೆ ಆಡಿತು. ಅಷ್ಟು ಬಾಯಿಪಾಠ ಅವಳಿಗೆ. ಕಡೀಕ ಎಂದವರು ನೀವು ಎಡಗೈಯ ಒಂದು ಬೆರಳು ಎತ್ತಿ, ಕತ್ತು ಸ್ವಲ್ಪ ಕೊಪ್ಪರಿಗೆಯ ಕಡೆ ವಾಲಿಸಿ ತಡೆದಿರಿ. ಮುಂದಿನ ಮಾತು ನೆನಪು ಮಾಡಿಕೊಳ್ಳುವವರಂತೆ. ಅಷ್ಟರಲ್ಲಿ ಕ್ಯಾಸೆಟ್ ಮುಗಿಯಿತು. ನಡುವೆಲ್ಲ ಕ್ಯಾಮೆರಾದ ಹಿಂದಿನಿಂದ ಯಾವನೋ ಒಬ್ಬ ಹೂಂ, ಹೂಂ ಅನ್ನುತ್ತಿದ್ದ.

"ಆ ಹೂಂ ಅನ್ನಾವ್ರು ನೀವೇನ್ರಿ? ಮತ್ತ ಮುಂದ ಏನಂದ್ರು ಅಜ್ಜಾರು?"

ಐದು ವರ್ಷ ಕಾದು ಕೇಳಿದ ಪ್ರಶ್ನೆ ಅದು. ನಾನು ಅಲ್ಲೇ ಇದ್ದೆ. ಎರಡು ಮಾರು ದೂರದಲ್ಲಿ. ನೀವು ಇಡೀ ಬದುಕಿನಲ್ಲಿ ಯಾರಿಗೂ ಹೇಳದ ಮಾತನ್ನು ನನ್ನ ಹೆಸರು ಹಿಡಿದು ಕರೆದು ಹೇಳಿದಿರಿ. ಹದ ಬರುವಾಗ ಹೆಸರು ಕರೆಯಬಾರದೆಂಬ ನಿಮ್ಮದೇ ಕಟ್ಟಳೆಯನ್ನು ನನಗಾಗಿ ಮುರಿದಿರಿ. ನಾನು ಕೆಂಪು ದೀಪ ನೋಡುತ್ತಿದ್ದೆ. "ನೆನಪಿಲ್ಲ ತಂಗೀ," ಅಂದೆ. ಅವಳು ನಂಬಲಿಲ್ಲ. ಅಪ್ಪನ ಮಾತು ಯಾರಾದರೂ ಮರೆಯುತ್ತಾರೆಯೇ ಎನ್ನುವ ಹಾಗೆ ನೋಡಿ, ಚಹಾ ಮಾಡಲು ಎದ್ದಳು.

ಮೌಲಾಕಾಕಾರನ್ನು ಕೇಳಿದೆ. ಅವರಿಗೆ ಈಗ ಕಣ್ಣು ಮಂಜು. "ನಾ ಒಲ್ಯಾಗ ಮಾರಿ ಇಟ್ಟಾಂವ. ಉರಿ ಸಪ್ಪಳ ಬಿಟ್ರ ನನಗೇನ ಕೇಳತಿತ್ತೋ ತಮ್ಮಾ? ಸತ್ತೆಪ್ಪಣ್ಣ ಕೈ ಎತ್ತತಿದ್ದ, ನಾ ರವದಿ ಹಾಕೂದ ನಿಲ್ಲಸತಿದ್ನಿ," ಅಂದರು. ಅವ್ವನನ್ನು ಕೇಳಿದೆ. ನಿಮ್ಮವ್ವನ ಹಂಗ ಗೊಣಗತೈತಿ ಎಂದದ್ದನ್ನು ಕೇಳಿ ಅವಳಿಗೆ ನಗು, ಆಮೇಲೆ ಅಳು. ಮೂರನೆಯದು ಅವಳಿಗೂ ಗೊತ್ತಿರಲಿಲ್ಲ. ನಿಮ್ಮ ಜೊತೆಯೇ ಹೋಯಿತು ಎಂದು ನಾನು ಕೈಬಿಟ್ಟೆ.

ಬಾಯಿಯವರು ಬಿಡಲಿಲ್ಲ. ರಾಯಬಾಗದ ಕಡೆ ಅಲಖನೂರಿನಲ್ಲಿ ಇನ್ನೂ ಒಂದು ಗಾಣ ನಡೆಯುತ್ತಿತ್ತು. ಅಲ್ಲಿಯ ಗುಳವ್ಯಾ ಬಸಪ್ಪಣ್ಣ, ಹರೆಯದಲ್ಲಿ ನಿಮ್ಮ ಕೈಕೆಳಗೆ ನಾಲ್ಕು ಸುಗ್ಗಿ ಕೊಳೆ ತೆಗೆದವನು. ಚಿತ್ರ ಅಲ್ಲೇ ತೆಗೆಯುವುದೆಂದಾಯಿತು. ನಾನು ಕ್ಯಾಮೆರಾ ಹೊತ್ತು ಹೊರಟರೆ ಬಾಯಿಯವರು, "ಕ್ಯಾಮೆರಾಕ್ಕ ಬ್ಯಾರೇದವರು ಅದಾರ. ನೀವು ದನಿ ಹಿಡೀರಿ," ಎಂದು ನನ್ನ ಕೈಗೆ ಮೈಕಿನ ಕೋಲು ಕೊಟ್ಟರು, ಕಿವಿಗೆ ಹೆಡ್‌ಫೋನ್ ಹಾಕಿದರು. ದನಿ ಅಳಿಸಿದ ಕೈಗೇ ದನಿ ಕೊಟ್ಟದ್ದು ಯಾಕೆ ಎಂದು ನಾನು ಕೇಳಲಿಲ್ಲ, ಅವರೂ ಹೇಳಲಿಲ್ಲ.

ಮೊದಲ ಎರಡು ದಿನ ನನಗೆ ಕೇಳಿದ್ದು ನಿಜವಾಗಿಯೂ ಗದ್ದಲವೇ. ಮೂರನೆಯ ದಿನ ಮಧ್ಯಾಹ್ನದ ಕೊಪ್ಪರಿಗೆ. ಕೋಲನ್ನು ಉಗಿಯ ಮೇಲೆ ಚಾಚಿ ಕಣ್ಣು ಮುಚ್ಚಿದೆ. ಬಿಡುವಿಲ್ಲದ ಮಾತು ಕೇಳಿತು. ತವರಿಗೆ ಬಂದ ಹುಡುಗಿ. ಬಹಳ ಹೊತ್ತಿನ ಮೇಲೆ ಅದು ದಪ್ಪವಾಯಿತು. ಗೊಣಗಿತು, ತಡೆಯಿತು, ಮತ್ತೆ ಗೊಣಗಿತು. ಅವ್ವ. ನನಗೆ ನಗು ಬಂತು. ಮೂರನೆಯದಕ್ಕೆ ಕಿವಿ ಕೊಟ್ಟು ನಿಂತೆ. ಗೊಣಗು ತಡೆಯುತ್ತ, ಇನ್ನೂ ತಡೆಯುತ್ತ ಬಂತು. ಒಮ್ಮೆ ತಪಕ್ ಅಂದಿತು. ಆಮೇಲೆ ಏನೂ ಇಲ್ಲ. ಹೆಡ್‌ಫೋನ್ ಕೆಟ್ಟಿತೇ ಎಂದು ಮುಟ್ಟಿ ನೋಡಲು ಎಡಗೈ ಎತ್ತಿದೆ. ಎತ್ತಿದ ಕೈ ಅಲ್ಲೇ ನಿಂತಿತು. ಕೆಟ್ಟಿರಲಿಲ್ಲ. ಒಲೆಯಲ್ಲಿ ರವದಿ ಚಟಗುಟ್ಟುವುದು ಕೇಳುತ್ತಿತ್ತು, ಬಸಪ್ಪಣ್ಣನ ಉಸಿರು ಕೇಳುತ್ತಿತ್ತು. ಕೊಪ್ಪರಿಗೆ ಮಾತ್ರ ಒಂದು ಉಸಿರಿನಷ್ಟು ಹೊತ್ತು ಬಾಯಿ ಮುಚ್ಚಿತ್ತು.

ಬಸಪ್ಪಣ್ಣ ನನ್ನ ಕೈ ನೋಡಿದ. ನೀರಿನ ಬಟ್ಟಲಿಗೆ ಹೋಗಿದ್ದ ಅವನ ಬೆರಳು ಹಿಂದೆ ಬಂತು. "ಇಳಸ್ರಿ," ಅಂದ.

ಬೆಲ್ಲ ಆರಿ ಪೆಂಟೆ ಕಟ್ಟಿದ ಮೇಲೆ ಒಂದನ್ನು ಒಡೆದು ಬೆಳಕಿಗೆ ಹಿಡಿದು ನೋಡಿದ. ಒಳಗೆಲ್ಲ ಹಳದಿ ಹರಳು. ಬಂದು ನನ್ನ ಪಕ್ಕ ಕೂತ. "ಸತ್ತೆಪ್ಪಣ್ಣನ ಕೈ ಹಿಂಗ ಏಳತಿತ್ತು. ನಾ ಇಷ್ಟ ವರ್ಷ ನೀರಾಗ ಹಾಕಿ ನೋಡಕೋತ ಬಂದೇನಿ. ಕೇಳಿದ್ರ ಅಂವ ಒಂದಿನಾ ಹೇಳಲಿಲ್ಲ. ನಿನಗ ಯಾರ ಹೇಳಿದ್ರು?"

"ಕಾಕಾ ಹೇಳ್ಯಾರ್ರಿ," ಅಂದೆ.

ಬಾಯಿಂದ ಮಾತು ಬಿದ್ದ ಮೇಲೆ ನನಗೆ ಅರ್ಥವಾಯಿತು. ಹೇಳಿದ್ದಿರಿ. ಪೂರ್ತಿ ಹೇಳಿದ್ದಿರಿ. ಕಡೀಕ ಎಂದು ಬೆರಳೆತ್ತಿ ನೀವು ಸುಮ್ಮನಾದದ್ದು ಮಾತು ಮರೆತು ಅಲ್ಲ. ಅದೇ ಮೂರನೆಯ ಮಾತು. ಗಾಣದಲ್ಲಿ ಇಂಜಿನ್ ಬಂದ್ ಮಾಡಿಸಿದ್ದು, ಎತ್ತಿನ ಗಂಟೆ ಬಿಚ್ಚಿಸಿದ್ದು, ಎಲ್ಲರ ಬಾಯಿ ಮುಚ್ಚಿಸಿದ್ದು ಅದೊಂದು ಉಸಿರಿಗಾಗಿ. ನಾನು ಸೀನಿದ್ದು ಅದರ ಮೇಲೆ. ಶಹನಾಯಿ ಹಚ್ಚಿದ್ದೂ ಅದರ ಮೇಲೆಯೇ. ಹೇಳದೇ ಹೋದಿರಿ ಎಂದು ಅತ್ತಿದ್ದೆ. ಹೇಳಿ ಹೋಗಿದ್ದೀರಿ ಎಂದು ತಿಳಿದ ಮೇಲೆ ಅದಕ್ಕಿಂತ ಹೆಚ್ಚು ಅಳು ಬರುತ್ತಿದೆ. ಇದಕ್ಕೆ ಏನು ಮಾಡಲಿ?

ಬಾಯಿಯವರ ಚಿತ್ರ ಬರುವ ತಿಂಗಳು ಮುಗಿಯುತ್ತದೆ. ಕರೋಶಿಯ ಕ್ಯಾಸೆಟ್ಟಿನ ಕೊನೆಯ ತುಂಡನ್ನೂ ಅದರಲ್ಲಿ ಸೇರಿಸಿದ್ದಾರೆ. ಎಲ್ಲಿಯೂ ಶಹನಾಯಿ ಇಲ್ಲ. ಅವ್ವನಿಗೆ ಸ್ವಲ್ಪ ಬೇಜಾರು. ಅವಳಿಗಾಗಿ ಹಳೆಯ ಶಹನಾಯಿಯ ಕ್ಯಾಸೆಟ್ಟನ್ನೂ ಇಟ್ಟಿದ್ದೇನೆ, ಬೈಯಬೇಡಿ. ಈಗ ಮದುವೆ ಹಿಡಿದರೆ ಮೂಲ ಕ್ಯಾಸೆಟ್ಟನ್ನು ನಾನು ಅಳಿಸುವುದಿಲ್ಲ. ಜೊತೆಯವರು ನಗುತ್ತಾರೆ, ನಗಲಿ. ಬರುವ ಸುಗ್ಗಿಗೆ ಬಸಪ್ಪಣ್ಣ ಅಲಖನೂರಿಗೆ ಕರೆದಿದ್ದಾನೆ, ಮೈಕು ಬಿಟ್ಟು ಬಾ ಎಂದು. ಹೋಗುತ್ತೇನೆ. ಈ ಸಲ ನೀವು ಕರೆಯದಿದ್ದರೂ ಹೋಗುತ್ತೇನೆ.

ನಿನ್ನೆ ಕರೋಶಿಗೆ ಹೋಗಿದ್ದೆ. ಶೋಭಾ ಬಾಗಿಲಲ್ಲೇ ಕೇಳಿದಳು, "ನೆನಪಾತೇನ್ರಿ ಅಣ್ಣಾ? ಮುಂದ ಏನಂದ್ರು?" ಹೂಂ, ಕ್ಯಾಸೆಟ್ ಹಚ್ಚು ಅಂದೆ. ಅವಳ ಅತ್ತೆಯೂ ಬಂದು ಕೂತರು. ನೀವು ಬಂದಿರಿ, ತವರಿನ ಹುಡುಗಿಯ ಮಾತಾಡಿದಿರಿ, ಅವ್ವನ ಮಾತಾಡಿದಿರಿ, ಕಡೀಕ ಎಂದು ಬೆರಳೆತ್ತಿದಿರಿ. ನಿಮ್ಮ ಹಿಂದೆ ಗೊಣಗುತ್ತಿದ್ದ ಕೊಪ್ಪರಿಗೆಯೂ ಆಗಲೇ ಸುಮ್ಮನಾಗುತ್ತದೆ. ಇಷ್ಟು ಸಲ ನೋಡಿದರೂ ಶೋಭಾಳಾಗಲಿ ನಾನಾಗಲಿ ಅದನ್ನು ಕೇಳಿರಲಿಲ್ಲ. ಅತ್ತೆ ಮುಂದೆ ಬಾಗಿ, "ದನಿ ಹೋತೇನೋ ತಮ್ಮಾ, ಜರಾ ಹೆಚ್ಚ ಮಾಡು," ಅಂದರು.

ನಾನು ಎದ್ದು ಹೆಚ್ಚಿಸಲಿಲ್ಲ, ಕಾಕಾ. ಕೂತು ಕೇಳಿದೆ.

ನಿಮ್ಮ
ಮಲ್ಲೂ